ಪಾದ್ರಿ ಕೊಡದ ಚೀಟಿ: ತುಲೂಸಿನ ಕಲಾಸ್ ಪ್ರಕರಣ, 1761–1765

ಮಾರ್ಕ್ ಆಂತ್ವಾನ್ ಕಲಾಸನಿಗೆ ಬೇಕಿದ್ದದ್ದು ಒಂದು ಚೀಟಿ, ಅಷ್ಟೇ.

ಕಾನೂನು ಓದಿದ್ದ. 1759ರಲ್ಲಿ ಪದವಿಯೂ ಕೈಗೆ ಬಂದಿತ್ತು. ಪುಸ್ತಕದ ಹುಚ್ಚು ಬೇರೆ. ದಕ್ಷಿಣ ಫ್ರಾನ್ಸಿನ ತುಲೂಸ್ ಊರಿನ ಕೋರ್ಟಿನಲ್ಲಿ ವಕೀಲನಾಗಿ ನಿಲ್ಲಬೇಕು ಅನ್ನುವುದು ಅವನ ಆಸೆ. ಅದಕ್ಕೆ ಇನ್ನೊಂದೇ ಕಾಗದ ಬಾಕಿ. 'ಈತ ಕ್ಯಾಥೊಲಿಕ್' ಎಂದು ಚರ್ಚಿನ ಪಾದ್ರಿ ಬರೆದುಕೊಡಬೇಕು. ಮೊದಲು ಪಾಪನಿವೇದನೆ ಮಾಡಿ ಅದರ ಚೀಟಿ ತಾ, ಆಮೇಲೆ ನೋಡೋಣ ಎಂದರು ಪಾದ್ರಿ. ಮಾರ್ಕ್ ಆಂತ್ವಾನ್ ಪ್ರಾಟೆಸ್ಟೆಂಟ್. ಆ ಚೀಟಿ ತರಲಿಲ್ಲ, ಸನ್ನದು ಸಿಗಲಿಲ್ಲ. ಇಪ್ಪತ್ತೆಂಟು ವರ್ಷದ ಪದವೀಧರ ಅಪ್ಪನ ಬಟ್ಟೆ ಅಂಗಡಿಯಲ್ಲಿ ಕೂತ. ಹೊತ್ತು ಹೋಗದಿದ್ದಾಗ ಬಿಲಿಯರ್ಡ್ಸ್, ಜೂಜು.

1761ರ ಅಕ್ಟೋಬರ್ 13ರ ರಾತ್ರಿ ಅದೇ ಅಂಗಡಿಯಲ್ಲಿ ಅವನ ಹೆಣ ಸಿಕ್ಕಿತು. ಐದು ತಿಂಗಳೊಳಗೆ ಅವನ ಅಪ್ಪನನ್ನು ಊರ ಚೌಕದಲ್ಲಿ ಮೂಳೆ ಮುರಿದು ಕೊಂದರು. ಮಗನನ್ನು ಕೊಂದ ಅಪರಾಧಕ್ಕೆ. ಆ ಶಿಕ್ಷೆ ಬರೆದದ್ದು 1762ರ ಮಾರ್ಚ್ 9ರಂದು. ಸರಿಯಾಗಿ ಮೂರು ವರ್ಷ ಕಳೆದು, 1765ರ ಮಾರ್ಚ್ 9ರಂದು, ಪ್ಯಾರಿಸಿನಲ್ಲಿ 40 ಜಡ್ಜುಗಳು ಒಮ್ಮತದಿಂದ ಹೇಳಿದರು: ಈ ಅಪ್ಪ ನಿರಪರಾಧಿ.

ಇದನ್ನು ಸಾಮಾನ್ಯವಾಗಿ ವೋಲ್ಟೇರನ ಕಥೆಯಾಗಿ ಹೇಳುತ್ತಾರೆ. ಮತಾಂಧ ಊರು, ಒಳ್ಳೆಯ ಲೇಖಕ, ಕೊನೆಗೆ ನ್ಯಾಯ. ಅದು ಸುಳ್ಳಲ್ಲ. ಆದರೆ ಕಡತವನ್ನು ಮೊದಲಿನಿಂದ ನೋಡುತ್ತಾ ಬಂದರೆ ಊರಿನ ಸಿಟ್ಟಿಗಿಂತ ಜಾಸ್ತಿ ಕಣ್ಣಿಗೆ ಬೀಳುವುದು ಕಾನೂನು. ಈ ಮನೆಯವರು ಹೇಳಿದ ಮೊದಲ ಸುಳ್ಳನ್ನು ಅವರ ಬಾಯಿಗೆ ಹಾಕಿದ್ದೇ ಕಾನೂನು.

ಕಾಗದದಲ್ಲಿ ಇಲ್ಲದ ಜನ

'ಒಬ್ಬ ರಾಜ, ಒಂದು ಕಾನೂನು, ಒಂದು ಮತ'. ಹಳೆಯ ಫ್ರಾನ್ಸಿನಲ್ಲಿ ಇದು ಬರೀ ಗಾದೆಯಾಗಿರಲಿಲ್ಲ. 1598ರಲ್ಲಿ ನಾಲ್ಕನೇ ಹೆನ್ರಿ ನಾಂತ್ ಎಂಬಲ್ಲಿ ಒಂದು ಶಾಸನ ಹೊರಡಿಸಿ, ಪ್ರಾಟೆಸ್ಟೆಂಟರು ತಮ್ಮ ಪಾಡಿಗೆ ತಾವು ಪೂಜೆ ಮಾಡಿಕೊಳ್ಳಬಹುದು ಎಂದಿದ್ದ. ಅವನ ಮೊಮ್ಮಗ ಹದಿನಾಲ್ಕನೇ ಲೂಯಿ 1685ರ ಅಕ್ಟೋಬರಿನಲ್ಲಿ ಅದನ್ನು ಅಳಿಸಿಹಾಕಿದ. ಪ್ರಾಟೆಸ್ಟೆಂಟ್ ಪಾದ್ರಿಗಳು ಮತ ಬಿಡಬೇಕು ಇಲ್ಲವೇ ದೇಶ ಬಿಡಬೇಕು. ಅವರ ಪ್ರಾರ್ಥನಾ ಮಂದಿರಗಳನ್ನು ಕೆಡವಿದರು. ಉಳಿದ ಜನ ಮಾತ್ರ ದೇಶ ಬಿಟ್ಟು ಹೋಗುವ ಹಾಗೂ ಇಲ್ಲ. ಸಿಕ್ಕಿಬಿದ್ದ ಗಂಡಸರಿಗೆ ರಾಜನ ಹಡಗಿನಲ್ಲಿ ಹುಟ್ಟು ಹಾಕುವ ಶಿಕ್ಷೆ.

ಕೊನೆಗೆ 1715ರಲ್ಲಿ ಒಂದು ಘೋಷಣೆ ಬಂತು. ಅದರ ತರ್ಕ ನೋಡಿ. ದೇಶದಲ್ಲಿ ಪ್ರಾಟೆಸ್ಟೆಂಟರಿಗೆ ಜಾಗವಿಲ್ಲ. ಇವರು ಇನ್ನೂ ದೇಶದಲ್ಲೇ ಇದ್ದಾರೆ. ಹಾಗಾದರೆ ಇವರೆಲ್ಲ ಕ್ಯಾಥೊಲಿಕರೇ! ಸರ್ಕಾರಿ ಕಾಗದದಲ್ಲಿ ಅವರ ಹೆಸರು 'ಹೊಸದಾಗಿ ಮತಕ್ಕೆ ಬಂದವರು'. ಮೂರು ತಲೆಮಾರು ಕಳೆದರೂ ಹೊಸಬರು.

ತಮಾಷೆ ಅನಿಸಬಹುದು. ಆದರೆ ಆಗ ಹುಟ್ಟು, ಮದುವೆ, ಸಾವು ಮೂರನ್ನೂ ಬರೆದಿಡುವ ಪುಸ್ತಕ ಇದ್ದದ್ದು ಕ್ಯಾಥೊಲಿಕ್ ಚರ್ಚಿನ ಪಾದ್ರಿಯ ಹತ್ತಿರ ಮಾತ್ರ. ತಾಲ್ಲೂಕು ಕಚೇರಿ, ನೋಂದಣಿ ಕಚೇರಿ ಅಂತೆಲ್ಲ ಬೇರೆ ಏನೂ ಇರಲಿಲ್ಲ. ಆ ಪುಸ್ತಕದಲ್ಲಿ ಹೆಸರಿಲ್ಲದವನು ಹುಟ್ಟಿಯೇ ಇಲ್ಲ. ಊರಾಚೆ ಗುಡ್ಡಗಾಡಿನಲ್ಲಿ ಕದ್ದುಮುಚ್ಚಿ ಪ್ರಾಟೆಸ್ಟೆಂಟ್ ಪಾದ್ರಿಯ ಎದುರು ಮದುವೆಯಾದವರ ಹೆಂಡತಿ ಹೆಂಡತಿಯಲ್ಲ, ಮಕ್ಕಳಿಗೆ ಆಸ್ತಿಯಿಲ್ಲ. ಹಾಗಾಗಿ ಊರಿನಲ್ಲಿ ವ್ಯಾಪಾರ ಮಾಡಿಕೊಂಡಿದ್ದ ಮನೆಗಳು ಒಂದು ಹೊಂದಾಣಿಕೆಗೆ ಬಂದಿದ್ದವು. ಮಗುವಿನ ತಲೆಗೆ ಕ್ಯಾಥೊಲಿಕ್ ಚರ್ಚಿನಲ್ಲಿ ನೀರು ಹಾಕಿಸುವುದು, ಮನೆಗೆ ಬಂದು ತಮ್ಮ ಬೈಬಲ್ ಓದುವುದು. ಕಲಾಸ್ ಮನೆಯ ಆರೂ ಮಕ್ಕಳು ಹೀಗೆಯೇ ಬೆಳೆದರು. ಅಂದರೆ ಕಾಗದದ ಪ್ರಕಾರ ಮಾರ್ಕ್ ಆಂತ್ವಾನ್ ಕ್ಯಾಥೊಲಿಕ್ಕೇ. ಸನ್ನದು ಕೇಳಲು ಹೋದಾಗ ಮಾತ್ರ ಆ ಕಾಗದ ಸಾಲಲಿಲ್ಲ.

ಕ್ಯಾಥೊಲಿಕರಿಗೂ ಈ ಚೀಟಿ ಕಾಟ ತಪ್ಪಿರಲಿಲ್ಲ ಅನ್ನುವುದನ್ನು ಇಲ್ಲೇ ಹೇಳಿಬಿಡಬೇಕು. ಪ್ಯಾರಿಸಿನಲ್ಲಿ 1750ರ ದಶಕದ ದೊಡ್ಡ ರಾಜಕೀಯ ಜಗಳವೇ 'ಪಾಪನಿವೇದನೆ ಚೀಟಿ'ಯದ್ದು. ಯಾನ್ಸೆನಿಸ್ಟರು ಎಂಬ ಕಟ್ಟುನಿಟ್ಟಿನ ಕ್ಯಾಥೊಲಿಕ್ ಪಂಗಡ ಒಂದಿತ್ತು. ಪೋಪರ ಆದೇಶ ಒಪ್ಪಿದ ಪಾದ್ರಿಯಿಂದಲೇ ಚೀಟಿ ತರದಿದ್ದರೆ ಅವರಿಗೆ ಸಾಯುವ ಹೊತ್ತಿನ ಸಂಸ್ಕಾರ ಕೊಡಬೇಡಿ ಎಂದು ಆರ್ಚ್‌ಬಿಷಪ್ ಕ್ರಿಸ್ತೋಫ್ ದ ಬೋಮೋಂ ಹಟ ಹಿಡಿದರು. ಸಾಯುತ್ತಿರುವವನ ಹಾಸಿಗೆ ಪಕ್ಕ ನಿಂತು ಚೀಟಿ ಎಲ್ಲಿ ಎಂದು ಕೇಳುವುದು ಅಂದರೇನು? ಪ್ಯಾರಿಸಿನ ಉಚ್ಚ ನ್ಯಾಯಾಲಯ ಅಂಥ ಪಾದ್ರಿಗಳ ಮೇಲೆ ವಾರಂಟು ಹೊರಡಿಸಿತು. ರಾಜ ಆ ಜಡ್ಜುಗಳನ್ನೇ ಊರು ಬಿಡಿಸಿದ, ಮತ್ತೆ ಕರೆಸಿಕೊಂಡ. ಮತದ ವಿಷಯ ಅಂದುಕೊಂಡದ್ದು ರಾಜನಿಗೂ ಕೋರ್ಟಿಗೂ ಮುಖಾಮುಖಿಯಾಗಿತ್ತು. ಕಲಾಸ್ ಪ್ರಕರಣ ಬಂದದ್ದು ಈ ಗಾಳಿಯಲ್ಲೇ.

ಫಿಲಾತಿಯೇ ಬೀದಿಯ ಅಂಗಡಿ

ಝಾಂ ಕಲಾಸ್ 1698ರಲ್ಲಿ ಹುಟ್ಟಿದವನು. ತುಲೂಸಿನ ಫಿಲಾತಿಯೇ ಬೀದಿಯಲ್ಲಿ ಕೆಳಗೆ ಅಂಗಡಿ, ಮೇಲೆ ಮನೆ. ಮಾರುತ್ತಿದ್ದದ್ದು 'ಇಂದಿಯೆನ್', ಅಂದರೆ ಅಚ್ಚು ಹಾಕಿದ ಹತ್ತಿ ಬಟ್ಟೆ. ಹೆಸರೇ ಹೇಳುವ ಹಾಗೆ ಭಾರತದಿಂದ ಹೋದ ಮಾಲು, ಆಮೇಲೆ ಅದನ್ನು ನೋಡಿ ಅಲ್ಲೇ ಮಾಡಿದ ಮಾಲು. ಫ್ರಾನ್ಸಿನ ರೇಷ್ಮೆ, ಉಣ್ಣೆಯವರ ಹೊಟ್ಟೆಗೆ ಹೊಡೆಯುತ್ತದೆ ಎಂದು 1686ರಿಂದ 1759ರವರೆಗೆ ಈ ಬಟ್ಟೆಗೆ ನಿಷೇಧವಿತ್ತು. ನಿಷೇಧವಿದ್ದರೂ ಹೆಂಗಸರು ಉಡುತ್ತಲೇ ಇದ್ದರು. ಇರಬಾರದ ಮತ, ಮಾರಬಾರದ ಬಟ್ಟೆ, ಎರಡೂ ದಿನವೂ ಎಲ್ಲರ ಕಣ್ಣೆದುರೇ ನಡೆಯುತ್ತಿತ್ತು.

ಹೆಂಡತಿ ಆನ್ ರೋಸ್ ಕಬಿಬೆಲ್, ಇಂಗ್ಲೆಂಡಿನಲ್ಲಿ ಹುಟ್ಟಿದ ಪ್ರಾಟೆಸ್ಟೆಂಟ್ ಮನೆತನದ ಹೆಣ್ಣು. ನಾಲ್ಕು ಗಂಡು, ಎರಡು ಹೆಣ್ಣು. ಮನೆಗೆಲಸದ ಝಾನ್ ವಿಗಿಯೇರ್ ಮಾತ್ರ ಭಕ್ತ ಕ್ಯಾಥೊಲಿಕ್, ಏಕೆಂದರೆ ಪ್ರಾಟೆಸ್ಟೆಂಟರು ಕ್ಯಾಥೊಲಿಕ್ ಆಳನ್ನೇ ಇಟ್ಟುಕೊಳ್ಳಬೇಕು ಎಂಬ ನಿಯಮವಿತ್ತು. ಮಕ್ಕಳನ್ನೆಲ್ಲ ಎತ್ತಿ ಆಡಿಸಿದವಳು ಅವಳೇ. ಮೂರನೇ ಮಗ ಲೂಯಿ 1756ರಲ್ಲಿ ಕ್ಯಾಥೊಲಿಕ್ ಆದದ್ದೂ ಅವಳ ಕುಮ್ಮಕ್ಕಿನಿಂದಲೇ. ಹಾಗೆ ಮತ ಬದಲಿಸಿದ ಮಗನಿಗೆ ಅಪ್ಪ ಜೀವನಾಂಶ ಕೊಡಬೇಕು ಅನ್ನುವುದೂ ಕಾನೂನು. ಝಾಂ ಕಲಾಸ್ ಗೊಣಗಿಕೊಂಡೇ ಕೊಟ್ಟ. ಆ ಕೆಲಸದವಳನ್ನು ಮಾತ್ರ ಮನೆಯಿಂದ ಬಿಡಿಸಲಿಲ್ಲ. ಈ ಸಂಗತಿಯನ್ನು ಓದುಗರು ನೆನಪಿನಲ್ಲಿ ಇಟ್ಟುಕೊಳ್ಳಬೇಕು. ಜಡ್ಜುಗಳು ಇಟ್ಟುಕೊಳ್ಳಲಿಲ್ಲ.

ಆ ರಾತ್ರಿ

ಊಟಕ್ಕೆ ಒಬ್ಬ ಅತಿಥಿ ಇದ್ದ. ಗೋಬೆರ್ ಲವೇಸ್, ಇಪ್ಪತ್ತರ ಆಸುಪಾಸಿನ ಹುಡುಗ, ತುಲೂಸಿನ ವಕೀಲರೊಬ್ಬರ ಮಗ, ಬೋರ್ದೋದಿಂದ ಆಗಷ್ಟೇ ಊರಿಗೆ ಬಂದಿದ್ದ. ಹೆಣ್ಣುಮಕ್ಕಳಿಬ್ಬರೂ ಹಳ್ಳಿಗೆ ಹೋಗಿದ್ದರು. ಕಿರಿಯವ ದೋನಾ ನೀಮ್ ಊರಿನಲ್ಲಿ ವ್ಯಾಪಾರ ಕಲಿಯುತ್ತಿದ್ದ. ಲೂಯಿ ಬೇರೆ ಇದ್ದ. ಮೇಜಿನ ಸುತ್ತ ಅಪ್ಪ, ಅಮ್ಮ, ಮಾರ್ಕ್ ಆಂತ್ವಾನ್, ಎರಡನೇ ಮಗ ಪಿಯೆರ್, ಅತಿಥಿ ಲವೇಸ್.

ಊಟ ಮುಗಿಯುವ ಹೊತ್ತಿಗೆ ಮಾರ್ಕ್ ಆಂತ್ವಾನ್ ಎದ್ದು ಅಡುಗೆಮನೆ ಕಡೆ ಹೋದ. 'ಚಳಿಯಾಗ್ತಿದೆಯಾ? ಬೆಂಕಿ ಕಾಯಿಸಿಕೊಳ್ಳಿ' ಅಂದಳು ವಿಗಿಯೇರ್. 'ಚಳಿಯೆಲ್ಲಿ, ಮೈ ಸುಡ್ತಿದೆ' ಅಂದ. ಕೆಳಗಿಳಿದು ಹೋದ. ಹೊರಗೆ ತಿರುಗಾಡಲು ಹೋಗಿರಬೇಕು ಅಂದುಕೊಂಡರು, ದಿನಾ ಹೋಗುತ್ತಿದ್ದವನೇ.

ಒಂಬತ್ತೂವರೆ ದಾಟಿದ ಮೇಲೆ ಲವೇಸ್ ಹೊರಟ. ದೀಪ ಹಿಡಿದು ಪಿಯೆರ್ ಜೊತೆಗಿಳಿದ. ಕೆಳಗೆ ಅಂಗಡಿ ಬಾಗಿಲು ತೆರೆದಿತ್ತು. ಮೇಲೆ ಕೂತಿದ್ದ ಅಪ್ಪ ಅಮ್ಮನಿಗೆ ಕೇಳಿಸಿದ್ದು ಚೀರಾಟ.

ಅಕ್ಕಪಕ್ಕದವರು ಓಡಿ ಬಂದಾಗ ಹೆಣ ನೆಲದ ಮೇಲಿತ್ತು. ಹತ್ತಿರದ ಶಸ್ತ್ರವೈದ್ಯನ ಸಹಾಯಕ ಕೊರಳಿನ ವಸ್ತ್ರ ಸರಿಸಿದ. ಹಗ್ಗದ ಗುರುತು ಕಂಡಿತು. ಯಾರೋ ಹೊರಗಿನವರು ಬಂದು ಕುತ್ತಿಗೆ ಬಿಗಿದು ಕೊಂದಿದ್ದಾರೆ ಅಂದರು ಮನೆಯವರು. ಆ ರಾತ್ರಿ ಕೊಟ್ಟ ಮೊದಲ ಹೇಳಿಕೆಯೂ ಅದೇ.

ಎರಡು ದಿನದಲ್ಲಿ ಹೇಳಿಕೆ ಬದಲಾಯಿತು. ಅಂಗಡಿಗೂ ಹಿಂದಿನ ಉಗ್ರಾಣಕ್ಕೂ ನಡುವೆ ಎರಡು ರೆಕ್ಕೆಯ ಬಾಗಿಲು. ಅದರ ಮೇಲೆ ಅಡ್ಡಕ್ಕೆ ಇಟ್ಟಿದ್ದ ಬಟ್ಟೆ ಸುತ್ತುವ ಮರದ ದಿಂಡಿಗೆ ಹಗ್ಗ ಕಟ್ಟಿ ಅವನೇ ನೇಣು ಹಾಕಿಕೊಂಡಿದ್ದ, ನಾವೇ ಇಳಿಸಿದೆವು ಎಂದರು. ಮೊದಲು ಸುಳ್ಳು ಹೇಳಿದ್ದೇಕೆ? ಮಗನ ಮಾನ ಉಳಿಸಲು.

ಇದು ನೆಪವಲ್ಲ. ಆಗಿನ ಫ್ರಾನ್ಸಿನಲ್ಲಿ ಆತ್ಮಹತ್ಯೆ ಮಾಡಿಕೊಂಡವನ ಹೆಣದ ಮೇಲೆಯೇ ಮೊಕದ್ದಮೆ ನಡೆಯುತ್ತಿತ್ತು. 1670ರ ಕ್ರಿಮಿನಲ್ ಶಾಸನದಲ್ಲಿ ಅದಕ್ಕೆ ಪ್ರತ್ಯೇಕ ವಿಧಿಯೇ ಇತ್ತು. ತಪ್ಪು ಸಾಬೀತಾದರೆ ಹೆಣವನ್ನು ಮುಖ ಕೆಳಗೆ ಮಾಡಿ ಬೀದಿಯಲ್ಲಿ ಎಳೆಯುವುದು, ಕಾಲು ಕಟ್ಟಿ ನೇತುಹಾಕುವುದು, ಕಸದ ಗುಂಡಿಗೆ ಎಸೆಯುವುದು. ಆಸ್ತಿ ಮುಟ್ಟುಗೋಲು. ಹಿರಿಮಗನ ಹೆಣ ಹೀಗೆ ಬೀದಿಯಲ್ಲಿ ಹೋಗುವುದನ್ನು ಯಾವ ಅಪ್ಪ ನೋಡುತ್ತಾನೆ? ಒಂದು ಮಾತು ತಿರುಚಿದರು. ಆಮೇಲೆ ಅವರು ಹೇಳಿದ ಯಾವ ನಿಜಕ್ಕೂ ಬೆಲೆ ಇಲ್ಲವಾಯಿತು.

ಮಹಜರು ಇಲ್ಲದ ತನಿಖೆ

ತುಲೂಸನ್ನು ಆಳುತ್ತಿದ್ದದ್ದು ಎಂಟು ಮಂದಿ ನಗರಾಧಿಕಾರಿಗಳು. ಅವರನ್ನು ಕಪಿತೂಲ್ ಎನ್ನುತ್ತಿದ್ದರು. ಪೊಲೀಸ್ ಕೆಲಸ, ಕೆಳಹಂತದ ಜಡ್ಜ್ ಕೆಲಸ ಎರಡೂ ಅವರದ್ದೇ. ಆ ರಾತ್ರಿ ಬಂದವನು ದಾವಿದ್ ದ ಬೋದ್ರಿಗ್, ಚುರುಕಿನ ಮನುಷ್ಯ, ತಾಳ್ಮೆ ಇಲ್ಲದವನು. ಬಾಗಿಲಲ್ಲಿ ಜನ ಸೇರಿದ್ದರು. ಗುಂಪಿನಲ್ಲಿ ಯಾರೋ ಕೂಗಿದರು: ಇವನು ಕ್ಯಾಥೊಲಿಕ್ ಆಗುವವನಿದ್ದ, ಅದಕ್ಕೇ ಮನೆಯವರು ಮುಗಿಸಿದರು! ಕೂಗಿದ್ದು ಯಾರೆಂದು ಇವತ್ತಿಗೂ ಗೊತ್ತಿಲ್ಲ. ಇಡೀ ಪ್ರಾಸಿಕ್ಯೂಷನ್ ಕಟ್ಟಿದ್ದು ಮಾತ್ರ ಆ ಕೂಗಿನ ಮೇಲೆ.

ಬೋದ್ರಿಗ್ ಎಲ್ಲರನ್ನೂ, ಅತಿಥಿ ಹುಡುಗನನ್ನೂ ಕೆಲಸದವಳನ್ನೂ ಸೇರಿಸಿ, ಪುರಭವನಕ್ಕೆ ಎಳೆದುಕೊಂಡು ಹೋದ. ಸ್ಥಳ ಮಹಜರು ಅಲ್ಲೇ ಬರೆಯಬೇಕಿತ್ತು, ಕಾನೂನು ಹಾಗೆ. ಅವನು ಬರೆದದ್ದು ಪುರಭವನಕ್ಕೆ ಬಂದ ಮೇಲೆ. ಹೊರಗಿನವರು ಅಡಗಿದ್ದರೇ ಎಂದು ಮನೆ ಹುಡುಕಲಿಲ್ಲ. ಸತ್ತವನ ಕೋಟು ಮಡಚಿ ಕಟ್ಟೆಯ ಮೇಲೆ ನೀಟಾಗಿ ಇಟ್ಟಿತ್ತು, ಮೈಮೇಲೆ ಗುದ್ದಾಟದ ಗಾಯ ಇರಲಿಲ್ಲ. ಇವೆಲ್ಲ ಮುಖ್ಯ ಅಂತ ಆ ರಾತ್ರಿ ಯಾರಿಗೂ ಅನಿಸಲಿಲ್ಲ. ಹೆಣ ನೋಡಿದ ವೈದ್ಯರು ಬರೆದುಕೊಟ್ಟದ್ದು ಇಷ್ಟು: ಜೀವ ಇದ್ದಾಗಲೇ ನೇಣು ಬಿದ್ದಿದೆ, ತಾನೇ ಹಾಕಿಕೊಂಡಿರಬಹುದು, ಬೇರೆಯವರು ಹಾಕಿರಬಹುದು.

ಸಾಕ್ಷಿ ಇಲ್ಲದಾಗ ಆ ಕಾಲದಲ್ಲಿ ಒಂದು ಉಪಾಯವಿತ್ತು. ಚರ್ಚಿನ ಪೀಠದಿಂದ ಒಂದು ಪ್ರಕಟಣೆ ಓದಿಸುವುದು. ವಿಷಯ ಗೊತ್ತಿದ್ದವರು, ಕೇಳಿದವರು ಬಂದು ಹೇಳಬೇಕು, ಮುಚ್ಚಿಟ್ಟರೆ ಬಹಿಷ್ಕಾರ. ತುಲೂಸಿನ ಚರ್ಚುಗಳಲ್ಲಿ ಇದನ್ನು ಭಾನುವಾರದಿಂದ ಭಾನುವಾರಕ್ಕೆ ಓದಿದರು. ಅದರ ಒಕ್ಕಣೆಯೇ ಪ್ರಕರಣದ ಹುಳುಕು. ಸತ್ತವನು ಮತ ಬದಲಿಸುವವನಿದ್ದ, ಒಂದು ಮನೆಯಲ್ಲಿ ಸಭೆ ಸೇರಿ ಅವನನ್ನು ಕೊಲ್ಲಲು ತೀರ್ಮಾನಿಸಿದರು, ಇದರ ಬಗ್ಗೆ ಗೊತ್ತಿದ್ದವರು ಬನ್ನಿ ಎಂದಿತ್ತು. ಆತ್ಮಹತ್ಯೆ ಇರಬಹುದೇ ಎಂಬ ಪ್ರಶ್ನೆಯೇ ಅದರಲ್ಲಿ ಇಲ್ಲ. ಸರಿ, ಬಂದರು ಜನ. ಅವಳು ಇವಳಿಗೆ ಹೇಳಿದ್ದು, ಇವಳು ಬೀದಿಯಲ್ಲಿ ಕೇಳಿದ್ದು. ಅಂತೆಕಂತೆಗಳ ಸಂತೆ. ಮಾರ್ಕ್ ಆಂತ್ವಾನ್ ಮತ ಬದಲಿಸಲು ಹೊರಟಿದ್ದ ಎಂದು ಎದೆ ತಟ್ಟಿ ಹೇಳಬಲ್ಲ ಒಬ್ಬ ಪಾದ್ರಿಯೂ ಸಿಗಲಿಲ್ಲ. ಅವನಿಗೆ ಉಪದೇಶ ಕೊಟ್ಟವರು ಯಾರು, ಪಾಪನಿವೇದನೆ ಕೇಳಿದವರು ಯಾರು? ಯಾರೂ ಇಲ್ಲ.

ಊರಿಗೆ ಅದರ ಹಂಗಿರಲಿಲ್ಲ. ನವೆಂಬರ್ 8ರಂದು ಮಾರ್ಕ್ ಆಂತ್ವಾನ್‌ನನ್ನು ಸಾಂತ್ ಎತಿಯೆನ್ ಚರ್ಚಿನಲ್ಲಿ ಕ್ಯಾಥೊಲಿಕ್ ಹುತಾತ್ಮನ ಹಾಗೆ ಮೆರವಣಿಗೆಯಲ್ಲಿ ಒಯ್ದು ಮಣ್ಣು ಮಾಡಿದರು. ಶ್ವೇತ ಪೆನಿಟೆಂಟರು ಎಂಬ ಭಕ್ತ ಸಂಘದವರು ತಮ್ಮ ಮಂದಿರದಲ್ಲಿ ಬೇರೆ ಒಂದು ಪೂಜೆ ಇಟ್ಟುಕೊಂಡರು. ಅಲ್ಲಿ ಒಂದು ಅಸ್ಥಿಪಂಜರ ನಿಲ್ಲಿಸಿ, ಹುತಾತ್ಮರ ಗುರುತಾದ ತಾಳೆಗರಿಯನ್ನು ಅದರ ಕೈಗೆ ಕೊಟ್ಟಿದ್ದರು. ಬದುಕಿದ್ದಾಗ ಒಂದು ಚೀಟಿ ಕೊಡದೆ ಕಳಿಸಿದ ಧರ್ಮ, ಸತ್ತ ಮೇಲೆ ಅವನನ್ನು ತನ್ನವನೆಂದು ಎತ್ತಿ ಮೆರೆಸಿತು. ವಿಚಾರಣೆ ಇನ್ನೂ ನಡೆಯುತ್ತಿತ್ತು. ಈ ಮೆರವಣಿಗೆ ನೋಡಿದ ಮೇಲೆ ಯಾವ ಜಡ್ಜಿಗೆ ಧೈರ್ಯ ಬರುತ್ತದೆ?

ಸಮಯವೂ ಕೆಟ್ಟದಿತ್ತು. ಪ್ರಾಟೆಸ್ಟೆಂಟ್ ಇಂಗ್ಲೆಂಡು, ಪ್ರಷ್ಯಾಗಳ ಜೊತೆ ಫ್ರಾನ್ಸ್ ಯುದ್ಧದಲ್ಲಿ ಸೋಲುತ್ತಿತ್ತು. ಆ ಸೆಪ್ಟೆಂಬರಿನಲ್ಲಷ್ಟೇ ಫ್ರಾಂಸ್ವಾ ರೋಶೆತ್ ಎಂಬ ಪ್ರಾಟೆಸ್ಟೆಂಟ್ ಪಾದ್ರಿಯನ್ನು ಹಿಡಿದಿದ್ದರು. 1762ರ ಫೆಬ್ರವರಿ 19ರಂದು ತುಲೂಸಿನಲ್ಲಿ ಅವರನ್ನು ಗಲ್ಲಿಗೇರಿಸಿದರು, ಬಿಡಿಸಲು ಬಂದಿದ್ದ ಮೂವರು ಗ್ರೆನಿಯೇ ಸಹೋದರರ ತಲೆ ತೆಗೆದರು. 1562ರಲ್ಲಿ ಪ್ರಾಟೆಸ್ಟೆಂಟರನ್ನು ಬಡಿದೋಡಿಸಿದ ನೆನಪಿಗೆ ತುಲೂಸಿನಲ್ಲಿ ಪ್ರತಿ ಮೇ ತಿಂಗಳು ಮೆರವಣಿಗೆ ನಡೆಯುತ್ತಿತ್ತು. 1762 ಅದರ ಇನ್ನೂರನೇ ವರ್ಷ.

ಕಾರಣ ಹೇಳಬೇಕಿಲ್ಲದ ಕೋರ್ಟು

ಕಪಿತೂಲರು ನವೆಂಬರ್ 18ರಂದು ಅಪ್ಪ, ಅಮ್ಮ, ಪಿಯೆರ್ ಮೂವರಿಗೂ ಚಿತ್ರಹಿಂಸೆ ಕೊಟ್ಟು ಬಾಯಿ ಬಿಡಿಸಬೇಕು ಎಂದರು. ಮೇಲ್ಮನವಿ ತುಲೂಸಿನ ಪಾರ್ಲಮಾಂಗೆ ಹೋಯಿತು. ಹೆಸರು ಕೇಳಿ ಮೋಸ ಹೋಗಬಾರದು. ಇದು ಸಂಸತ್ತಲ್ಲ, ಉಚ್ಚ ನ್ಯಾಯಾಲಯ. ಅಲ್ಲಿನ ಜಡ್ಜುಗಳು ಕುರ್ಚಿಯನ್ನು ದುಡ್ಡು ಕೊಟ್ಟು ಕೊಂಡವರು, ಅಪ್ಪನಿಂದ ಮಗನಿಗೆ ಬಂದ ಆಸ್ತಿ ಅದು. ರಾಜ ಅವರನ್ನು ಸುಲಭವಾಗಿ ತೆಗೆಯುವ ಹಾಗಿಲ್ಲ. ಹಾಗಾಗಿಯೇ ಪ್ಯಾರಿಸಿನ ಪಾರ್ಲಮಾಂ ರಾಜನ ಎದುರು ನಿಲ್ಲಬಲ್ಲದಾಗಿತ್ತು. ಹಾಗಾಗಿಯೇ ತುಲೂಸಿನದು ಯಾರಿಗೂ ಉತ್ತರ ಹೇಳಬೇಕಾಗಿರಲಿಲ್ಲ.

ವಿಚಾರಣೆಯೆಲ್ಲ ಬಾಗಿಲು ಹಾಕಿಕೊಂಡು. ಪ್ರಶ್ನೆ ಕೇಳುವಾಗ ಆರೋಪಿಯ ಪಕ್ಕ ವಕೀಲ ಇರುವಂತಿಲ್ಲ. ತುಲೂಸಿನ ವಕೀಲ ಸುದ್ರ್ ಕಲಾಸ್ ಪರವಾಗಿ ಲಿಖಿತ ವಾದ ಬರೆದುಕೊಟ್ಟ, ಚೆನ್ನಾಗಿಯೇ ಬರೆದ. ಲಾ ಸಾಲ್ ಎಂಬ ಜಡ್ಜ್ ಕಲಾಸ್ ನಿರಪರಾಧಿ ಎಂದು ಊರಲ್ಲೆಲ್ಲ ಹೇಳಿದ್ದರಿಂದ, ತಾನು ಕೂರುವುದು ಸರಿಯಲ್ಲವೆಂದು ಹಿಂದೆ ಸರಿದ. ಪ್ರಾಮಾಣಿಕ ಮನುಷ್ಯ ಹೊರಗೆ ಉಳಿದ ಹಾಗಾಯಿತು.

ಸಾಕ್ಷ್ಯ ತೂಗುವ ರೀತಿಯೂ ವಿಚಿತ್ರ. ಕಣ್ಣಾರೆ ಕಂಡ ಇಬ್ಬರು ಸಾಕ್ಷಿ ಸೇರಿದರೆ ಪೂರ್ಣ ಪುರಾವೆ. ಅದಕ್ಕಿಂತ ಕಡಿಮೆಯಾದದ್ದು ಅರ್ಧ. ಕೇಳಿಕೆ ಮಾತು ಕಾಲು, ಅರೆಕಾಲು. ಕಾಲು, ಅರೆಕಾಲು ಕೂಡಿಸುತ್ತಾ ಹೋದರೆ ಎಂಟು ಗಾಳಿಮಾತು ಸೇರಿ ಒಂದು ಪೂರ್ಣ ಪುರಾವೆ ಆದೀತು ಎಂದು ವೋಲ್ಟೇರ್ ಆಮೇಲೆ ಗೇಲಿ ಮಾಡಿದ. ಗೇಲಿ ಸ್ವಲ್ಪ ಅತಿಯಾಯಿತು, ಆದರೆ ಪೂರ್ತಿ ಸುಳ್ಳಲ್ಲ.

ಜಡ್ಜುಗಳನ್ನು ತಡೆದು ನಿಲ್ಲಿಸಬೇಕಿದ್ದ ಪ್ರಶ್ನೆ ಒಂದೇ ಇತ್ತು. ಆ ಸಂಜೆ ಆ ಮನೆಯಲ್ಲಿದ್ದವರು ಒಬ್ಬರನ್ನೊಬ್ಬರು ಬಿಟ್ಟು ಅಗಲಿರಲಿಲ್ಲ. ಅರವತ್ತು ದಾಟಿದ ಮುದುಕ ಒಬ್ಬನೇ ಇಪ್ಪತ್ತೆಂಟರ ಗಟ್ಟಿ ಮಗನನ್ನು ಗಾಯವಾಗದಂತೆ ನೇಣಿಗೇರಿಸುವುದು ಆಗದ ಮಾತು. ಹಾಗಾದರೆ ಎಲ್ಲರೂ ಸೇರಿ ಕೊಂದಿರಬೇಕು, ಇಲ್ಲವೇ ಯಾರೂ ಕೊಂದಿಲ್ಲ. ಎಲ್ಲರೂ ಅಂದರೆ ಲೂಯಿಯನ್ನು ಕ್ಯಾಥೊಲಿಕ್ ಮಾಡಿಸಿದ ಆ ಕೆಲಸದ ಮುದುಕಿಯೂ ಸೇರಬೇಕು. ಮತ ಬದಲಿಸುವ ಮಗನನ್ನು ಕೊಲ್ಲುವ ಅಪ್ಪನಾದರೆ, ಈಗಾಗಲೇ ಮತ ಬದಲಿಸಿದ ಲೂಯಿ ಬೀದಿಯಲ್ಲಿ ಓಡಾಡಿಕೊಂಡಿದ್ದು ಹೇಗೆ? ಪ್ರಾಟೆಸ್ಟೆಂಟರಲ್ಲಿ ಹಾಗೆ ಮಕ್ಕಳನ್ನು ಕೊಲ್ಲುವ ಕಟ್ಟಳೆ ಇದೆ ಎಂಬ ಗುಲ್ಲಿತ್ತು. ಪಾಲ್ ರಾಬೋ ಎಂಬ ಪ್ರಾಟೆಸ್ಟೆಂಟ್ ಪಾದ್ರಿ ಅದನ್ನು ಅಲ್ಲಗಳೆದು ಕಿರುಹೊತ್ತಗೆ ಬರೆದ. ಪಾರ್ಲಮಾಂ ಅದನ್ನು ಸುಡಿಸಿತು.

ಜಡ್ಜುಗಳಿಗೆ ಈ ತೊಡಕು ಗೊತ್ತಿತ್ತು. ಅವರು ಕಂಡುಕೊಂಡ ದಾರಿ: ಮೊದಲು ಮುದುಕನೊಬ್ಬನಿಗೆ ಶಿಕ್ಷೆ ಕೊಡೋಣ, ಹಿಂಸೆಯಲ್ಲಿ ಉಳಿದವರ ಹೆಸರು ಹೇಳುತ್ತಾನೆ. 13 ಮಂದಿ ಕೂತಿದ್ದರು. ಮೊದಲ ಸುತ್ತಿನಲ್ಲಿ ಮರಣದಂಡನೆಗೆ ಏಳು ಮತ. ಇಂಥ ಶಿಕ್ಷೆಗೆ ಎರಡು ಮತದ ಅಂತರ ಬೇಕು. ಇನ್ನೊಬ್ಬರು ಆ ಕಡೆ ವಾಲಿದರು. ಎಂಟಕ್ಕೆ ಐದು. ತೀರ್ಪಿನಲ್ಲಿ ಕಾರಣ ಬರೆಯಲಿಲ್ಲ. ಬರೆಯುವ ಕಟ್ಟುಪಾಡೇ ಇರಲಿಲ್ಲ.

ಮಾರ್ಚ್ 10. ಮೈ ಜಗ್ಗಿದರು, ಹೂಜಿಗಟ್ಟಲೆ ನೀರು ಕುಡಿಸಿದರು. ಝಾಂ ಕಲಾಸ್ ಯಾರ ಹೆಸರನ್ನೂ ಹೇಳಲಿಲ್ಲ. ಅಪರಾಧವೇ ಇಲ್ಲದ ಮೇಲೆ ಜೊತೆಗಾರರು ಎಲ್ಲಿಂದ ಬರಬೇಕು ಎಂದ. ಗಾಡಿಯಲ್ಲಿ ಚರ್ಚಿನ ಮುಂದೆ ಒಯ್ದು ಕ್ಷಮೆ ಕೇಳಿಸುವ ಶಾಸ್ತ್ರ ಮುಗಿಸಿ, ಸಾಂ ಝೋರ್ಝ್ ಚೌಕಕ್ಕೆ ತಂದರು. ಕಬ್ಬಿಣದ ಸಲಾಕೆಯಿಂದ ಕೈಕಾಲು ಮುರಿದು, ಮುಖ ಆಕಾಶಕ್ಕೆ ಮಾಡಿ ಚಕ್ರದ ಮೇಲೆ ಮಲಗಿಸಿದರು. ಎರಡು ಗಂಟೆ. ಪಕ್ಕದಲ್ಲಿದ್ದ ಫಾದರ್ ಬೂರ್ಜ್ ತಪ್ಪೊಪ್ಪಿಕೊಳ್ಳಲು ಕೇಳುತ್ತಲೇ ಇದ್ದರು. ನಾನು ನಿರಪರಾಧಿಯಾಗಿ ಸಾಯುತ್ತಿದ್ದೇನೆ ಎಂದ. ಕೊನೆಗೆ ಕುತ್ತಿಗೆ ಬಿಗಿದು, ದೇಹವನ್ನು ಬೆಂಕಿಗೆ ಹಾಕಿದರು.

ಈಗ ಪಾರ್ಲಮಾಂ ಸಿಕ್ಕಿಹಾಕಿಕೊಂಡಿತು. ಉಳಿದವರನ್ನು ಕೊಲ್ಲಲು ಪುರಾವೆ ಇಲ್ಲ, ಬಿಟ್ಟುಬಿಟ್ಟರೆ ಮುದುಕನನ್ನು ಕೊಂದದ್ದು ತಪ್ಪು ಎಂದು ಒಪ್ಪಿದ ಹಾಗೆ. ಮಾರ್ಚ್ 18ರಂದು ಪಿಯೆರ್‌ಗೆ ಗಡೀಪಾರು, ಉಳಿದವರಿಗೆ ಬಿಡುಗಡೆ. ಕೊಲೆ ಮಾಡಿದ್ದರೆ ಗಡೀಪಾರು ಸಾಲದು, ಮಾಡದಿದ್ದರೆ ಅದೂ ಯಾಕೆ? ಗಡೀಪಾರಾದ ಪಿಯೆರ್‌ನನ್ನು ಊರ ಇನ್ನೊಂದು ಬಾಗಿಲಿನಿಂದ ಒಳಗೆ ತಂದು ಮಠದಲ್ಲಿ ಕೂಡಿಹಾಕಿದರು. ಹೆಣ್ಣುಮಕ್ಕಳಿಬ್ಬರನ್ನೂ ರಾಜನ ಮೊಹರಿನ ಕಾಗದದ ಬಲದಿಂದ ಬೇರೆ ಬೇರೆ ಸನ್ಯಾಸಿನಿಯರ ಮಠಗಳಿಗೆ ಸೇರಿಸಿದರು.

ಊರಾಚೆಯ ಕೋರ್ಟು

ಜಿನೀವಾದ ಹತ್ತಿರ ಇದ್ದ ವೋಲ್ಟೇರನಿಗೆ ಆ ತಿಂಗಳ ಕೊನೆಗೆ ಸುದ್ದಿ ಮುಟ್ಟಿತು. ಅವನ ಮೊದಲ ಪ್ರತಿಕ್ರಿಯೆ ಅಷ್ಟೇನೂ ಚೆಂದದ್ದಲ್ಲ. ನಮ್ಮವರೇನೂ ಒಳ್ಳೆಯವರಲ್ಲ, ಈ ಪ್ರಾಟೆಸ್ಟೆಂಟರು ನಮಗಿಂತ ಕೆಟ್ಟವರು ಎಂಬರ್ಥದ ಒಂದು ತಮಾಷೆಯ ಪತ್ರ ಬರೆದ. ಎರಡರಲ್ಲಿ ಒಂದು ಕಡೆಯ ಮತಾಂಧತೆ ಇರಲೇಬೇಕು ಎಂದು ಅವನ ಲೆಕ್ಕ. ಯಾವ ಕಡೆ ಅನ್ನುವುದು ಮಾತ್ರ ತಿಳಿಯದೆ ಒದ್ದಾಡಿದ. ಮಾರ್ಸೇಯ ವ್ಯಾಪಾರಿ ಒದಿಬೆರ್ ಬಂದು ವಿವರ ಹೇಳಿದ. ಜಿನೀವಾಕ್ಕೆ ಓಡಿಬಂದಿದ್ದ ಕಿರಿಯ ಮಗ ದೋನಾನನ್ನು ಕರೆಸಿ, ನಿನ್ನ ಅಪ್ಪ ಅಮ್ಮ ಹೊಡೆಯುತ್ತಿದ್ದರಾ ಎಂದು ಕೇಳಿದ. ಇಲ್ಲ ಎಂದು ಹುಡುಗ ಅತ್ತ. ಆಮೇಲೆ ಅವನು ಹಿಂದೆ ನೋಡಲಿಲ್ಲ. ಅರವತ್ತೇಳು ವರ್ಷದ ಮುದುಕ, ಮೂರು ವರ್ಷ ಬೇರೆ ಕೆಲಸದ ನಡುವೆಯೂ ಇದನ್ನು ಬಿಡಲಿಲ್ಲ.

ಅವನು ಮಾಡಿದ ಮುಖ್ಯ ಕೆಲಸ ಬಾಗಿಲು ಹಾಕಿಕೊಂಡು ನಡೆದ ವಿಚಾರಣೆಯ ಬಾಗಿಲು ತೆಗೆದದ್ದು. 1762ರ ಬೇಸಿಗೆಯಿಂದ ಅಮ್ಮನ ಪತ್ರ, ಮಗನ ಹೇಳಿಕೆ ಎಲ್ಲ ಅಚ್ಚಾಗಿ ಕೈಯಿಂದ ಕೈಗೆ ಓಡಾಡಿದವು. ಪ್ಯಾರಿಸಿನ ವಕೀಲರಾದ ಮಾರಿಯೆತ್, ಎಲಿ ದ ಬೋಮೋಂ, ಲ್ವಾಜೋ ದ ಮೋಲೆಯೋಂ ಕೂಡ ತಮ್ಮ ವಾದಗಳನ್ನು ಅಚ್ಚು ಹಾಕಿಸಿದರು. 1763ರಲ್ಲಿ ಸಹಿಷ್ಣುತೆಯ ಮೇಲೆ ವೋಲ್ಟೇರನ ಪುಸ್ತಕ ಬಂತು. ಜೊತೆಜೊತೆಗೇ ಅವನು ಹಳೆಯ ದಾರಿಯನ್ನೂ ಹಿಡಿದಿದ್ದ. ಮಂತ್ರಿ ಶ್ವಾಜೆಲ್, ರಾಜನ ಪ್ರೇಯಸಿ ಮದಾಂ ದ ಪೊಂಪದೂರ್, ಗೊತ್ತಿದ್ದ ಡ್ಯೂಕುಗಳು, ಎಲ್ಲರಿಗೂ ಪತ್ರ. ಸಾರ್ವಜನಿಕ ಅಭಿಪ್ರಾಯ ಗೆದ್ದಿತು ಎಂದು ಪುಸ್ತಕಗಳು ಹೇಳುತ್ತವೆ. ಹೌದು, ಆದರೆ ಅರಮನೆಯ ವಶೀಲಿ ಇಲ್ಲದೆ ಆ ಕಡತ ಮೇಲೆ ಬರುತ್ತಿರಲಿಲ್ಲ.

ಕ್ಯಾಥೊಲಿಕರೆಲ್ಲ ಒಂದೇ ಕಡೆ ನಿಂತಿದ್ದರು ಅಂತಲೂ ಅಲ್ಲ. ಮಗಳು ನಾನೆತ್‌ಳನ್ನು ಇಟ್ಟಿದ್ದ ಮಠದ ಸಿಸ್ಟರ್ ಆನ್ ಜೂಲಿ ಫ್ರೇಸ್, ಹುಡುಗಿಯನ್ನು ಮತಕ್ಕೆ ತರಲು ನೇಮಕವಾದವರು, ಅವಳ ಪರವಾಗಿ ದೊಡ್ಡವರಿಗೆ ಪತ್ರ ಬರೆಯುತ್ತಾ ಕೂತರು. ನಾನೆತ್ ಪ್ರಾಟೆಸ್ಟೆಂಟಾಗಿಯೇ ಉಳಿದಳು. ಇಬ್ಬರ ಸ್ನೇಹವೂ ಉಳಿಯಿತು. ಕೆಲಸದ ವಿಗಿಯೇರ್ ಕೊನೆವರೆಗೂ ಯಜಮಾನನ ಪರ ಹೇಳಿದ ಒಂದು ಮಾತನ್ನೂ ಬದಲಿಸಲಿಲ್ಲ.

1763ರ ಮಾರ್ಚ್ 7ರಂದು ರಾಜನ ಪರಿಷತ್ತು ತುಲೂಸಿನಿಂದ ಕಡತ ತರಿಸಲು ಆಜ್ಞೆ ಮಾಡಿತು. ಆ ವರ್ಷವೇ ತೆರಿಗೆ ಜಗಳದಲ್ಲಿ ರಾಜನ ಪ್ರತಿನಿಧಿ ಡ್ಯೂಕ್ ಫಿಟ್ಸ್ ಜೇಮ್ಸ್ ತುಲೂಸಿನ ಜಡ್ಜುಗಳನ್ನು ಅವರವರ ಮನೆಯಲ್ಲೇ ಬಂಧನದಲ್ಲಿಟ್ಟ. ಅರಮನೆಗೆ ಈ ಪಾರ್ಲಮಾಂ ಮೇಲೆ ಪ್ರೀತಿ ಇರಲಿಲ್ಲ ಅನ್ನುವುದಂತೂ ಸ್ಪಷ್ಟ. ಕಲಾಸ್ ಮನೆಯವರಿಗೆ ಅದು ಎಷ್ಟು ನೆರವಾಯಿತೋ ಅಳೆಯುವುದು ಕಷ್ಟ, ಆಗಲಿಲ್ಲ ಎನ್ನುವುದು ಇನ್ನೂ ಕಷ್ಟ. 1764ರ ಜೂನ್ 4ರಂದು ತೀರ್ಪು ರದ್ದಾಯಿತು. ಮರುವಿಚಾರಣೆಗಾಗಿ ಮನೆಯವರು ಶಾಸ್ತ್ರಕ್ಕೆ ಮತ್ತೆ ಜೈಲಿಗೆ ಹೋಗಬೇಕಾಯಿತು. ಕಾರ್ಮೋಂತೆಲ್ ಎಂಬ ಕಲಾವಿದ ಆ ಜೈಲಿನ ಕೋಣೆಯನ್ನೇ ಚಿತ್ರಿಸಿದ: ಅಮ್ಮ, ಹೆಣ್ಣುಮಕ್ಕಳು, ವಿಗಿಯೇರ್, ಪಿಯೆರ್, ಅವರಿಗೆ ವಕೀಲರ ವಾದ ಓದಿ ಹೇಳುತ್ತಿರುವ ಲವೇಸ್. ಆ ಚಿತ್ರದ ಅಚ್ಚು ಮಾರಿ ಬಂದ ದುಡ್ಡು ಮನೆಯವರಿಗೆ. ಒಂದು ಪ್ರತಿ ವೋಲ್ಟೇರನ ಹಾಸಿಗೆಯ ಹತ್ತಿರ ತೂಗುತ್ತಿತ್ತು.

ಖುಲಾಸೆಯ ಜೊತೆಗೆ ಹದಿನೈದನೇ ಲೂಯಿ ಆ ಮನೆಗೆ 36,000 ಲಿವ್ರ್ ಕೊಟ್ಟ. ಪರಿಹಾರ ಅಂತಲ್ಲ, ರಾಜನ ಕೃಪೆ ಅಂತ. ಬೋದ್ರಿಗ್‌ನ ಹುದ್ದೆ ಹೋಯಿತು. ತಪ್ಪು ತೀರ್ಪು ಕೊಟ್ಟ ಜಡ್ಜುಗಳಲ್ಲಿ ಒಬ್ಬರಿಗೂ ಏನೂ ಆಗಲಿಲ್ಲ. ತುಲೂಸಿನ ಪಾರ್ಲಮಾಂ ಪ್ಯಾರಿಸಿನ ತೀರ್ಪನ್ನು ತನ್ನ ದಾಖಲೆಯಲ್ಲಿ ಸೇರಿಸಲೇ ಇಲ್ಲ.

ಹಾಗಾದರೆ ಮಾರ್ಕ್ ಆಂತ್ವಾನ್ ಸತ್ತದ್ದು ಹೇಗೆ? 40 ಜಡ್ಜುಗಳು ಅದಕ್ಕೆ ಉತ್ತರ ಹೇಳಲಿಲ್ಲ, ಅದು ಅವರ ಕೆಲಸವೂ ಆಗಿರಲಿಲ್ಲ. ಹೊರಗಿನವನು ಕೊಂದನೆಂಬ ಮೊದಲ ಹೇಳಿಕೆಯೇ ನಿಜ, ಆತ್ಮಹತ್ಯೆಯ ಮಾತೇ ಆಮೇಲೆ ಹೊಳೆದದ್ದು ಎನ್ನುವವರೂ ಇದ್ದಾರೆ. ನನಗೆ ಆ ಮಡಚಿಟ್ಟ ಕೋಟು, 'ಮೈ ಸುಡ್ತಿದೆ' ಎಂಬ ಮಾತು, ಕೈಗೆ ಬಾರದ ಸನ್ನದು ಮೂರೂ ಒಂದೇ ಕಡೆ ಕೈ ತೋರಿಸುವಂತೆ ಕಾಣುತ್ತದೆ.

ಚೀಟಿಯ ಕಾನೂನು ಮಾತ್ರ ಇನ್ನೂ ಬಹಳ ವರ್ಷ ಇತ್ತು. ಹತ್ತಿರದ ಊರಿನ ಸಿರ್ವೆನ್ ಎಂಬವನ ಮಗಳು 1762ರ ಜನವರಿಯಲ್ಲಿ ಬಾವಿಯಲ್ಲಿ ಸಿಕ್ಕಾಗ ಅದೇ ಆರೋಪ ಬಂತು. ಕಲಾಸ್ ಮನೆಯವರ ಮೇಲೆ ನಡೆಯುತ್ತಿದ್ದ ಮೊಕದ್ದಮೆ ಕಂಡಿದ್ದ ಸಿರ್ವೆನ್ ಮನೆಮಂದಿಯ ಜೊತೆ ಸ್ವಿಟ್ಜರ್ಲೆಂಡಿಗೆ ಓಡಿ ಜೀವ ಉಳಿಸಿಕೊಂಡ. ಅವನಿಗೆ ಖುಲಾಸೆ ಸಿಕ್ಕಿದ್ದು 1771ರಲ್ಲಿ. 1787ರ ನವೆಂಬರಿನಲ್ಲಿ ಹದಿನಾರನೇ ಲೂಯಿ ಒಂದು ಶಾಸನ ತಂದ. ಪ್ರಾಟೆಸ್ಟೆಂಟರು ಹುಟ್ಟು, ಮದುವೆ, ಸಾವನ್ನು ಜಡ್ಜಿನ ಮುಂದೆಯೂ ಬರೆಸಬಹುದು ಎಂದಿತು ಅದು. ನ್ಯಾಯಾಲಯದ ಹುದ್ದೆಗಳು ಮಾತ್ರ ಆಗಲೂ ಅವರಿಗಿಲ್ಲ. ಎಲ್ಲ ಹುದ್ದೆಗಳ ಬಾಗಿಲೂ ತೆರೆದದ್ದು ಕ್ರಾಂತಿಯ ಮೇಲೆ, 1789ರ ಡಿಸೆಂಬರ್ 24ರಂದು. ಮಾರ್ಕ್ ಆಂತ್ವಾನ್ ಇದ್ದಿದ್ದರೆ ಅವನಿಗೆ ಆಗ ಐವತ್ತೇಳು.